ಮರಣೋತ್ತರ ಧ್ವನಿಮುದ್ರಿಕೆಯೂ ಗ್ರಂಥಸಂಪಾದನೆಯೂ

ಪುನೀತ್ ರಾಜ್‌ಕುಮಾರ್ ಅವರು 2021ರ ಅಕ್ಟೋಬರ್ 29ರಂದು ಅಗಲಿದಾಗ ‘ಜೇಮ್ಸ್’ ಚಿತ್ರದ ಡಬ್ಬಿಂಗ್ ಆಗಿರಲಿಲ್ಲ. 2022ರ ಮಾರ್ಚ್ 17ರಂದು ಚಿತ್ರ ತೆರೆಕಂಡಾಗ ಅವರ ಪಾತ್ರಕ್ಕೆ ಅಣ್ಣ ಶಿವರಾಜ್‌ಕುಮಾರ್ ಅವರ ಧ್ವನಿಯಿತ್ತು. ಮುಂದಿನ ತಿಂಗಳು ತಂತ್ರಜ್ಞಾನದ ನೆರವಿನಿಂದ ಪುನೀತರ ಧ್ವನಿಯನ್ನೇ ಅಳವಡಿಸಿದ ಪ್ರತಿ ಬಂದಿತು. ಹೀಗೆ ಒಂದೇ ಕೃತಿಗೆ ಎರಡು ಪಾಠಗಳಾದವು. ಕಲಾವಿದನು ಅಪೂರ್ಣವಾಗಿ ಬಿಟ್ಟುಹೋದುದನ್ನು ಉಳಿದವರು ಪೂರ್ಣಗೊಳಿಸುವಾಗ ಪಾಲಿಸಬೇಕಾದ ನಿಯಮವೇನು? ಗ್ರಂಥಸಂಪಾದನೆಯನ್ನು ಅಭ್ಯಸಿಸುವ ನಮಗೆ ಇದು ಅಪರಿಚಿತವಾದ ಪ್ರಶ್ನೆಯಲ್ಲ.

ಇಂದಿನ ಹಾಡನ್ನು ಪದರ ಪದರವಾಗಿ ಮುದ್ರಿಸುತ್ತಾರೆ: ಕಂಠ ಒಂದು ಪದರ, ಪ್ರತಿಯೊಂದು ವಾದ್ಯವೂ ಒಂದೊಂದು ಪದರ. ಗಾಯಕನು ತೀರಿಕೊಂಡ ಮೇಲೆ ಉಳಿದ ಕಂಠದ ಪದರಕ್ಕೆ ಬೇರೆಯವರು ಹೊಸ ವಾದ್ಯಗಳನ್ನು ಜೋಡಿಸುವುದುಂಟು. ಕೆಲವೊಮ್ಮೆ ಪದರಗಳು ಬೇರೆಯಾಗಿರುವುದೇ ಇಲ್ಲ. ಜಾನ್ ಲೆನನ್ ಕ್ಯಾಸೆಟ್ಟಿನಲ್ಲಿ ಮುದ್ರಿಸಿಟ್ಟ ಹಾಡೊಂದರಲ್ಲಿ ಕಂಠವೂ ಪಿಯಾನೊ ನಾದವೂ ಬೆರೆತಿದ್ದವು. ಗಣಕಯಂತ್ರವು ಅವನ್ನು ಬೇರ್ಪಡಿಸಿದ ಬಳಿಕ, 2023ರಲ್ಲಿ, ಆ ಹಾಡು ಬೀಟಲ್ಸ್ ತಂಡದ ಹೆಸರಿನಲ್ಲಿ ಬಿಡುಗಡೆಯಾಯಿತು.

ಮೈಕಲ್ ಜಾಕ್ಸನ್ ನಿಧನರಾದುದು 2009ರಲ್ಲಿ. ಮರುವರ್ಷ ‘ಮೈಕಲ್’ ಎಂಬ ಸಂಕಲನ ಹೊರಬಂದಿತು. ಅದರ ಮೂರು ಹಾಡುಗಳ ಕಂಠ ಅವರದಲ್ಲವೆಂದು ಅಭಿಮಾನಿಗಳೂ ಕುಟುಂಬದ ಕೆಲವರೂ ಆಕ್ಷೇಪಿಸಿದರು; ವ್ಯಾಜ್ಯವೂ ನಡೆಯಿತು. 2022ರಲ್ಲಿ ಆ ಹಾಡುಗಳನ್ನು ಅಂತರ್ಜಾಲದ ಸಂಗೀತ ಸೇವೆಗಳಿಂದ ಹಿಂತೆಗೆಯಲಾಯಿತು. 2014ರ ‘ಎಕ್ಸ್‌ಕೇಪ್’ ಸಂಕಲನದಲ್ಲಿ ಅನುಸರಿಸಿದ ಕ್ರಮ ಬೇರೆ. ಅದರ ವಿಶೇಷ ಆವೃತ್ತಿಯಲ್ಲಿ ಪರಿಷ್ಕರಿಸಿದ ಎಂಟು ಹಾಡುಗಳ ಜೊತೆಗೆ ಅವುಗಳ ಮೂಲ ಮುದ್ರಣಗಳನ್ನೂ ಇರಿಸಲಾಯಿತು. ಜಾಕ್ಸನ್ ಬಿಟ್ಟುಹೋದುದೆಷ್ಟು, ಇತರರು ಸೇರಿಸಿದುದೆಷ್ಟು ಎಂಬುದನ್ನು ಕೇಳುಗನೇ ಹೋಲಿಸಿ ನೋಡಬಹುದು.

ನಮ್ಮ ಹಿರಿಯರು ಈ ವಿವೇಕವನ್ನು ಮೊದಲೇ ಬಲ್ಲವರಾಗಿದ್ದರು. ಕುಮಾರವ್ಯಾಸನು ಹತ್ತು ಪರ್ವಗಳಿಗೆ ನಿಲ್ಲಿಸಿದ ಭಾರತಕಥೆಯ ಉಳಿದ ಭಾಗವನ್ನು ತಿಮ್ಮಣ್ಣಕವಿಯು ಅದೇ ಭಾಮಿನಿ ಷಟ್ಪದಿಯಲ್ಲಿ ರಚಿಸಿದನು. ಆದರೆ ಅದನ್ನು ಕುಮಾರವ್ಯಾಸನ ಕೃತಿಯೆಂದು ತೋರಿಸದೆ ‘ಕೃಷ್ಣರಾಜ ಭಾರತ’ವೆಂದು ಹೆಸರಿಸಿದನು. ಮರಾಠಿ ತರಗತಿಯಲ್ಲಿ ನಾನು ಕಲಿತ ಇನ್ನೊಂದು ನಿದರ್ಶನವುಂಟು. ಪಾಠ ಕೆಟ್ಟಿದ್ದ ‘ಜ್ಞಾನೇಶ್ವರಿ’ಯನ್ನು ಸಂತ ಏಕನಾಥರು ಶಕ 1506ರಲ್ಲಿ (ಕ್ರಿ.ಶ. 1584) ಶುದ್ಧಗೊಳಿಸಿದರು, ಇನ್ನು ಮುಂದೆ ಯಾರೂ ಅದರಲ್ಲಿ ತಮ್ಮ ಓವಿಯನ್ನು ಸೇರಿಸಬಾರದೆಂದು ಎಚ್ಚರಿಕೆಯನ್ನೂ ಬರೆದಿಟ್ಟರು. ಪೂರ್ಣಗೊಳಿಸುವುದು ದೋಷವಲ್ಲ, ಜೋಡಣೆಯ ಗೆರೆಯನ್ನು ಅಳಿಸುವುದು ದೋಷ.

ಈ ಮಾತು ನಾಗಲಗಿದ್ದ ಸೀಮೆಯ ನಮಗೂ ಸಲ್ಲುತ್ತದೆ. ಅಜ್ಜಿಯರ ಬೀಸುವ ಪದ, ಸೋಬಾನೆಗಳನ್ನು ನಿಮ್ಮಲ್ಲಿ ಕೆಲವರು ಮೊಬೈಲಿನಲ್ಲಿ ಮುದ್ರಿಸಿಕೊಂಡಿರಬಹುದು. ಹಾಡಿದವರು ಈಗ ಇಲ್ಲದಿರಲೂಬಹುದು. ಗದ್ದಲ ತೆಗೆದು, ತಾಳ ಕೂಡಿಸಿ ಹಂಚಿಕೊಳ್ಳುವ ಆಸೆ ಸಹಜವೇ. ಆದರೆ ‘ತಪ್ಪು’ ಎಂದು ನೀವು ಕತ್ತರಿಸುವ ತೆಲುಗು, ಮರಾಠಿ ಬೆರೆತ ಪದವೇ ಈ ಗಡಿಗನ್ನಡದ ಸಾಕ್ಷ್ಯವಾಗಿರಬಹುದು. ಆದುದರಿಂದ ಮೂಲ ಮುದ್ರಣವನ್ನು ಹಾಗೆಯೇ ಕಾಪಾಡಿರಿ, ಹಾಡಿದವರ ಹೆಸರು, ಊರು, ದಿನಾಂಕಗಳನ್ನು ಗುರುತಿಸಿಡಿರಿ, ಬದಲಾಯಿಸಿದುದನ್ನೆಲ್ಲ ಬರೆದಿಡಿರಿ. ಬದಲಾಯಿಸಿದ ಪ್ರತಿಯನ್ನು ಬೇಕಾದಾಗ ಮತ್ತೆ ತಿದ್ದಬಹುದು. ಅಳಿಸಿಹೋದ ಮೂಲವನ್ನು ಮರಳಿ ಹಾಡಿಸಲು ಅಜ್ಜಿ ಇರುವುದಿಲ್ಲ.