ನೋಡಿದವರು ಇನ್ನೂರು, ನಕಲು ಹದಿನೈದು ಲಕ್ಷ

ನ್ಯೂಜಿಲೆಂಡಿನ ಕ್ರೈಸ್ಟ್‌ಚರ್ಚ್‌ನಲ್ಲಿ 2019ರ ಮಾರ್ಚ್ 15ರಂದು ಎರಡು ಮಸೀದಿಗಳ ಮೇಲೆ ದಾಳಿ ನಡೆಸಿ 51 ಜನರನ್ನು ಕೊಂದ ಹಂತಕ, ಹೆಲ್ಮೆಟ್ಟಿಗೆ ಕ್ಯಾಮೆರಾ ಸಿಕ್ಕಿಸಿಕೊಂಡಿದ್ದ. ಫೇಸ್‌ಬುಕ್‌ನಲ್ಲಿ 17 ನಿಮಿಷ ನಡೆದ ಆ ನೇರ ಪ್ರಸಾರವನ್ನು ಅದೇ ಹೊತ್ತಿನಲ್ಲಿ ನೋಡಿದವರು 200ಕ್ಕಿಂತ ಕಡಿಮೆ. ಮೊದಲ ದೂರು ಬಂದದ್ದು ಪ್ರಸಾರ ಮುಗಿದ 12 ನಿಮಿಷಗಳ ನಂತರ. ಮರುದಿನದೊಳಗೆ ಫೇಸ್‌ಬುಕ್ 15 ಲಕ್ಷ ಪ್ರತಿಗಳನ್ನು ಕಿತ್ತುಹಾಕಬೇಕಾಯಿತು.

ಇಂಥದ್ದನ್ನು ತಡೆಯುವ ಉಪಾಯ ಆಗಲೇ ಹತ್ತು ವರ್ಷ ಹಳೆಯದು. ಮಕ್ಕಳ ಲೈಂಗಿಕ ಶೋಷಣೆಯ ಚಿತ್ರಗಳನ್ನು ಹಿಡಿಯಲೆಂದು ಮೈಕ್ರೊಸಾಫ್ಟ್ ಮತ್ತು ಡಾರ್ಟ್‌ಮೌತ್ ಕಾಲೇಜಿನ ಹ್ಯಾನಿ ಫರೀದ್ 2009ರಲ್ಲಿ ‘ಫೋಟೊಡಿಎನ್‌ಎ’ ರೂಪಿಸಿದ್ದರು. ಚಿತ್ರದ ಬಣ್ಣ ತೆಗೆದು, ಚೌಕಗಳಾಗಿ ಒಡೆದು, ಒಂದೊಂದರಲ್ಲೂ ಬೆಳಕು ನೆರಳಿನ ಏರಿಳಿತ ಅಳೆದರೆ ಅಂಕಿಗಳದೊಂದು ಸಾಲು ಸಿಗುತ್ತದೆ. ಅದೇ ಆ ಚಿತ್ರದ ಬೆರಳಚ್ಚು. ಅಳತೆ ತುಸು ಬದಲಾದರೂ ಅಚ್ಚು ಹೊಂದುತ್ತದೆ. ಐಸಿಸ್‌ನ ಶಿರಚ್ಛೇದದ ವಿಡಿಯೊಗಳು ಹರಿದಾಡತೊಡಗಿದ ಮೇಲೆ, 2016ರ ಡಿಸೆಂಬರ್‌ನಲ್ಲಿ ಫೇಸ್‌ಬುಕ್, ಮೈಕ್ರೊಸಾಫ್ಟ್, ಟ್ವಿಟರ್, ಯೂಟ್ಯೂಬ್ ಉಗ್ರರ ಚಿತ್ರಗಳಿಗೂ ಇಂಥ ಬೆರಳಚ್ಚುಗಳ ಸಾಮೂಹಿಕ ಪಟ್ಟಿ ಮಾಡುವುದಾಗಿ ಘೋಷಿಸಿದವು.

ಆದರೆ ಪಟ್ಟಿಗೆ ಗೊತ್ತಿರುವುದು ಒಮ್ಮೆ ಸಿಕ್ಕಿಬಿದ್ದ ಚಿತ್ರ ಮಾತ್ರ. ಕ್ರೈಸ್ಟ್‌ಚರ್ಚ್‌ನದು ಹೊಚ್ಚ ಹೊಸದು. ಯಂತ್ರಕ್ಕೆ ಅದರ ಗುರುತಿಲ್ಲ. ಕೃತಕ ಬುದ್ಧಿಮತ್ತೆಯೂ ಹಿಡಿಯಲಿಲ್ಲ. ನಿಜವಾದ ಗುಂಡಿನ ದಾಳಿಯನ್ನೂ ವಿಡಿಯೊ ಗೇಮನ್ನೂ ಬೇರ್ಪಡಿಸುವುದು ಕಷ್ಟ ಎಂಬುದು ಫೇಸ್‌ಬುಕ್‌ನ ವಿವರಣೆ. ಅಚ್ಚು ಸಿದ್ಧವಾಗುವಷ್ಟರಲ್ಲಿ ಜನ ಪರದೆಯನ್ನೇ ಫೋನಿನಲ್ಲಿ ಚಿತ್ರೀಕರಿಸಿ, ಅಂಚು ಕತ್ತರಿಸಿ, ಮೇಲೆ ಪಟ್ಟಿ ಅಂಟಿಸಿ ಮತ್ತೆ ಮತ್ತೆ ಏರಿಸುತ್ತಿದ್ದರು. ನೋಟದಲ್ಲೇ ಭಿನ್ನವಾದ 800ಕ್ಕೂ ಹೆಚ್ಚು ರೂಪಗಳು ಸಿಕ್ಕವು. ಏರಿಸುವಾಗಲೇ 12 ಲಕ್ಷ ತಡೆದೆವು ಎಂದು ಫೇಸ್‌ಬುಕ್ ಹೇಳಿಕೊಂಡಿತು. ಉಳಿದ ಮೂರು ಲಕ್ಷದ ಮಾತು? ಅಷ್ಟು ಒಳಗೆ ಬಂದಿದ್ದವು ಎಂದೇ ಅರ್ಥ. ಅವನ್ನು ಏರಿಸಿದವರಲ್ಲಿ ದ್ವೇಷಕ್ಕೆ ಬಿದ್ದವರಿದ್ದಂತೆ ಬರೀ ಚಪಲಕ್ಕೆ ಹಂಚಿದವರೂ ಇದ್ದರು.

ಎರಡೇ ತಿಂಗಳಲ್ಲಿ ಪ್ಯಾರಿಸ್‌ನಲ್ಲಿ ನ್ಯೂಜಿಲೆಂಡಿನ ಆಗಿನ ಪ್ರಧಾನಿ ಜೆಸಿಂಡಾ ಅರ್ಡರ್ನ್ ಮತ್ತು ಫ್ರಾನ್ಸ್ ಅಧ್ಯಕ್ಷ ಮ್ಯಾಕ್ರನ್, ಜಾಲದಲ್ಲಿ ಉಗ್ರರ ವಿಡಿಯೊಗಳನ್ನು ತಡೆಯಲು ಸರ್ಕಾರಗಳೂ ಕಂಪನಿಗಳೂ ಕೈಜೋಡಿಸಬೇಕೆಂಬ ‘ಕ್ರೈಸ್ಟ್‌ಚರ್ಚ್ ಕರೆ’ ಹೊರಡಿಸಿದರು, ಭಾರತವೂ ಬೆಂಬಲಿಸಿತು. ಕಂಪನಿಗಳು ಚುರುಕಾದದ್ದು ನಿಜ. 2022ರ ಮೇ 14ರಂದು ಅಮೆರಿಕದ ಬಫಲೊ ನಗರದ ಸೂಪರ್‌ಮಾರ್ಕೆಟ್ಟಿನಲ್ಲಿ 10 ಮಂದಿ ಕಪ್ಪು ಜನರನ್ನು ಕೊಂದವನ ನೇರ ಪ್ರಸಾರವನ್ನು ಟ್ವಿಚ್ ಎಂಬ ತಾಣ, ಹಿಂಸೆ ಶುರುವಾದ ಎರಡು ನಿಮಿಷದೊಳಗೆ ಕಡಿದುಹಾಕಿತು. ಅಷ್ಟರಲ್ಲೇ ಉಳಿಸಿಕೊಂಡ ಒಂದು ಪ್ರತಿ ಬೇರೊಂದು ತಾಣದಲ್ಲಿ 30 ಲಕ್ಷಕ್ಕೂ ಹೆಚ್ಚು ಸಲ ಓಡಿತು. ಆ ಹಂತಕನನ್ನು ಈ ದಾರಿಗೆ ಎಳೆದದ್ದು, ಅವನೇ ಬರೆದಿಟ್ಟಂತೆ, ಕ್ರೈಸ್ಟ್‌ಚರ್ಚ್ ವಿಡಿಯೊದ ಒಂದು ಸಣ್ಣ ತುಣುಕು.