ಬಿಸಿಲ್ಗುದುರೆ: ಕಾಣುವ ನೀರು, ಕಾಣದ ನೀರು

ವೈಶಾಖದ ನಡುಹಗಲಿನಲ್ಲಿ ವಿಜಯಪುರದಿಂದ ಪಶ್ಚಿಮಕ್ಕೆ, ತೊರವಿಯ ಕಡೆಗೆ ನಡೆಯುವವನಿಗೆ ಮುಂದಿನ ರಸ್ತೆಯು ನೀರಿನಲ್ಲಿ ಮುಳುಗಿದಂತೆ ತೋರುವುದುಂಟು. ಬದಿಯ ಬೇವಿನ ಮರವು ಆ ನೀರಿನಲ್ಲಿ ತಲೆಕೆಳಗಾಗಿ ತೂಗಾಡುವುದು. ಎದುರಿಗೆ ಬರುವ ಬಂಡಿಯ ಗಾಲಿಗಳು ಕರಗಿ, ಬಂಡಿಯೇ ಗಾಳಿಯಲ್ಲಿ ತೇಲುವಂತಾಗುವುದು. ನೂರು ಹೆಜ್ಜೆ ಮುಂದೆ ನಡೆದರೆ ನೀರೂ ನೂರು ಹೆಜ್ಜೆ ಹಿಂದೆ ಸರಿಯುವುದು. ಮಾಯಾಲೋಕದ ಕಥೆಗಳಲ್ಲಿ ಮಂತ್ರವಾದಿಯು ಇದ್ದುದನ್ನು ಮರೆಮಾಡಿ ಇಲ್ಲದುದನ್ನು ತೋರಿಸುತ್ತಾನೆ. ಇಲ್ಲಿ ಆ ಕೆಲಸವನ್ನು ಬರಿಯ ಬಿಸಿಲು ಮಾಡುತ್ತದೆ.

ಕನ್ನಡದಲ್ಲಿ ಇದಕ್ಕೆ ಬಿಸಿಲ್ಗುದುರೆಯೆಂದು ಹೆಸರು. ಸಂಸ್ಕೃತದಲ್ಲಿ ಮೃಗತೃಷ್ಣೆ, ಮರೀಚಿಕೆ ಎನ್ನುವರು. ರಾಮಾಯಣದಲ್ಲಿ ಹೊನ್ನಿನ ಜಿಂಕೆಯಾಗಿ ಬಂದು ವಂಚಿಸಿದ ಮಾರೀಚನ ಕಥೆಯು ತೊರವೆ ರಾಮಾಯಣವನ್ನು ರಚಿಸಿದ ಕುಮಾರ ವಾಲ್ಮೀಕಿಯ ಈ ಊರಿಗೆ ಹೊಸತಲ್ಲ. ಆದರೆ ಮರೀಚಿಕೆ ಎಂಬ ಪದವು ರಾಕ್ಷಸನಿಂದ ಬಂದುದಲ್ಲ. ಮರೀಚಿಯೆಂದರೆ ಕಿರಣ. ಹೆಸರಿನಲ್ಲಿಯೇ ಒಗಟಿನ ಬೀಗದ ಕೈ ಅಡಗಿದೆ.

1798ರಲ್ಲಿ ನೆಪೋಲಿಯನ್ನನ ಸೈನ್ಯವು ಈಜಿಪ್ಟಿನ ಮರಳುಗಾಡನ್ನು ದಾಟುವಾಗ ಬಾಯಾರಿದ ಸೈನಿಕರು ಇಂತಹುದೇ ಹುಸಿ ಕೆರೆಗಳನ್ನು ಕಂಡರು. ದಂಡಿನೊಡನೆ ಹೋಗಿದ್ದ ಗಣಿತಜ್ಞ ಗ್ಯಾಸ್ಪರ್ ಮಾಂಜನು ಅದಕ್ಕೆ ಕಾರಣವನ್ನು ವಿವರಿಸಿದನು. ಅದರ ತಿರುಳನ್ನು ನಮ್ಮ ಎರೆಭೂಮಿಗೆ ಅನ್ವಯಿಸಿ ನೋಡೋಣ.

ಕಪ್ಪು ನೆಲವೂ ಡಾಂಬರು ರಸ್ತೆಯೂ ಬಿಸಿಲನ್ನು ಬಹಳವಾಗಿ ಹೀರಿಕೊಳ್ಳುತ್ತವೆ. ನಮ್ಮ ಕಣ್ಣಿನ ಎತ್ತರದಲ್ಲಿ ಗಾಳಿಯ ಉಷ್ಣತೆ 40 ಡಿಗ್ರಿ ಸೆಲ್ಸಿಯಸ್ ಇರುವಾಗ, ನೆಲಕ್ಕೆ ತಾಗಿದ ತೆಳು ಪದರದಲ್ಲಿ ಅದು 60 ಡಿಗ್ರಿ ಇದೆಯೆಂದು ಇಟ್ಟುಕೊಳ್ಳೋಣ. ಕಾದ ಗಾಳಿಯ ಸಾಂದ್ರತೆ ಕಡಿಮೆ; ಆದುದರಿಂದ ಅದರ ವಕ್ರೀಭವನಾಂಕವೂ ಕಡಿಮೆ. ಆಕಾಶದಿಂದ ಓರೆಯಾಗಿ ಇಳಿಯುವ ಬೆಳಕಿನ ಕಿರಣವು ಪದರದಿಂದ ಪದರಕ್ಕೆ ಬಾಗುತ್ತಾ ಬಂದು, ನೆಲವನ್ನು ಮುಟ್ಟುವ ಮುನ್ನವೇ ಮೇಲಕ್ಕೆ ತಿರುಗಿ ನಮ್ಮ ಕಣ್ಣನ್ನು ಸೇರುತ್ತದೆ. ಬೆಳಕು ನೇರವಾಗಿಯೇ ಬಂದಿತೆಂದು ನಮ್ಮ ಮಿದುಳು ಎಣಿಸುವುದರಿಂದ, ಮೇಲಿರುವ ಆಕಾಶವು ನೆಲದ ಮೇಲೆ ಕಾಣುವುದು. ನೀರೆಂದು ನಾವು ಬಗೆಯುವುದು ಆಕಾಶದ ಆ ತುಣುಕನ್ನೇ. ಕಾದ ಗಾಳಿಯು ಎಡೆಬಿಡದೆ ಮೇಲೇಳುತ್ತಿರುವುದರಿಂದ ಬಿಂಬವು ನಡುಗುತ್ತದೆ. ನಮಗೆ ಅದು ಅಲೆಗಳಂತೆ ತೋರುತ್ತದೆ.

ಇದಕ್ಕೆ ಬೇಕಾದ ವ್ಯತ್ಯಾಸವು ಎಷ್ಟು ಅಲ್ಪವೆಂಬುದು ಬೆರಗು ಹುಟ್ಟಿಸುವಂಥದು. ಮೇಲೆ ಹೇಳಿದ ಎರಡು ಪದರಗಳ ವಕ್ರೀಭವನಾಂಕಗಳಿಗೆ ಇರುವ ಅಂತರ ಸುಮಾರು 0.000015 ಮಾತ್ರ. ಇಷ್ಟರಿಂದ ಕಿರಣವು ಹಿಂದಿರುಗಬೇಕಾದರೆ ಅದು ನೆಲದೊಡನೆ ಡಿಗ್ರಿಯ ಮೂರರಲ್ಲೊಂದು ಪಾಲನ್ನು ಮೀರದ ಕೋನದಲ್ಲಿ ಬರಬೇಕು. ಇದು ಚಂದ್ರಬಿಂಬದ ಅಗಲಕ್ಕಿಂತಲೂ ಕಿರಿದು. ಕಣ್ಣು ನೆಲದಿಂದ ಒಂದೂವರೆ ಮೀಟರು ಎತ್ತರದಲ್ಲಿದ್ದರೆ ಲೆಕ್ಕದಂತೆ ನೀರಿನ ಅಂಚು 250ರಿಂದ 300 ಮೀಟರು ದೂರದಲ್ಲಿ ಕಾಣಬೇಕು. ನಾವು ನಡೆದರೂ ಈ ಕೋನ ಬದಲಾಗದು. ಆದುದರಿಂದಲೇ ನೀರು ಎಂದಿಗೂ ಕೈಗೆ ಸಿಕ್ಕದು.

ವಾಚಕರು ಇದನ್ನು ಸ್ವತಃ ಪರೀಕ್ಷಿಸಬಹುದು. ವಾಹನಗಳ ಓಡಾಟವಿಲ್ಲದ ಬಯಲಿನಲ್ಲಿ ಬಿಸಿಲ್ಗುದುರೆ ಕಂಡಾಗ ಕುಕ್ಕರುಗಾಲಿನಲ್ಲಿ ಕುಳಿತು ನೋಡಿರಿ: ನೀರು ಹತ್ತಿರಕ್ಕೆ ಬರುವುದು. ಬಂಡಿಯ ಮೇಲೇರಿ ನಿಂತು ನೋಡಿರಿ: ಅದು ದೂರ ಹೋಗುವುದು, ಕೆಲವೊಮ್ಮೆ ಮಾಯವೇ ಆಗುವುದು. ಕ್ಯಾಮೆರಾದಲ್ಲಿ ಅದರ ಚಿತ್ರವನ್ನೂ ತೆಗೆಯಬಹುದು. ಹಾಗಾದರೆ ಅದು ಬರಿಯ ಭ್ರಮೆಯಲ್ಲ. ಬೆಳಕು ನಿಜ, ಬಿಂಬ ನಿಜ. ‘ಅಲ್ಲಿ ನೀರಿದೆ’ ಎಂಬ ತೀರ್ಮಾನವೊಂದೇ ಸುಳ್ಳು.

ಈ ಭೇದವನ್ನರಿಯದೆ ಹೋದರೆ ಬೆಲೆ ತೆರಬೇಕಾಗುತ್ತದೆ. ತಣ್ಣನೆಯ ಕಡಲಿನ ಮೇಲೆ ತಂಪು ಗಾಳಿಯೂ ಅದರ ಮೇಲೆ ಬೆಚ್ಚನೆಯ ಗಾಳಿಯೂ ಇದ್ದರೆ ಕಿರಣಗಳು ಕೆಳಕ್ಕೆ ಬಾಗುವುವು. ದೂರದ ಮಂಜುಗಡ್ಡೆ, ದಡಗಳು ಬೆಟ್ಟ ಕೋಟೆಗಳಾಗಿ ಮೇಲೆದ್ದು ನಿಲ್ಲುವುವು. ಇಟಲಿಯ ಜನರು ಇದನ್ನು ಮಾರ್ಗಾನಾ ಎಂಬ ಮಾಯಾವಿನಿಯ ಕೆಲಸವೆಂದು ನಂಬಿ ಫಾಟಾ ಮಾರ್ಗಾನಾ ಎಂದು ಕರೆದರು. 1818ರಲ್ಲಿ ಉತ್ತರ ಧ್ರುವಪ್ರದೇಶದ ಲ್ಯಾಂಕಾಸ್ಟರ್ ಜಲಮಾರ್ಗದಲ್ಲಿ ನಾವಿಕ ಜಾನ್ ರಾಸನು ಎದುರಿಗೆ ಪರ್ವತಶ್ರೇಣಿಯನ್ನು ಕಂಡು, ಅದಕ್ಕೆ ಕ್ರೋಕರ್ ಪರ್ವತಗಳೆಂದು ಹೆಸರಿಟ್ಟು, ಹಡಗನ್ನು ಹಿಂದಕ್ಕೆ ತಿರುಗಿಸಿದನು. ಮರುವರ್ಷವೇ ಎಡ್ವರ್ಡ್ ಪ್ಯಾರಿಯು ಆ ಪರ್ವತಗಳಿದ್ದ ಸ್ಥಳದಲ್ಲಿಯೇ ಹಡಗು ನಡೆಸಿ ಪಶ್ಚಿಮಕ್ಕೆ ಸಾಗಿದನು. ರಾಸನು ನಗೆಪಾಟಲಿಗೀಡಾದನು. ಅವನ ಕಣ್ಣು ತಪ್ಪಿರಲಿಲ್ಲ. ಕಂಡುದನ್ನು ಬೇರೊಂದು ಸ್ಥಾನದಿಂದ ಪರೀಕ್ಷಿಸದೆ ನಂಬಿದುದೇ ತಪ್ಪಾಯಿತು.

ತೊರವಿಯ ನೆಲದಲ್ಲಿ ಇದಕ್ಕೆ ಪ್ರತಿಯಾದ ಇನ್ನೊಂದು ಪಾಠವೂ ಇದೆ. ಆದಿಲ್‌ಶಾಹಿ ಅರಸರ ಕಾಲದಲ್ಲಿ ಈ ಕಡೆಯ ನೀರನ್ನು ನೆಲದಡಿಯ ಸುರಂಗದ ಮೂಲಕ ವಿಜಯಪುರ ನಗರಕ್ಕೆ ಸಾಗಿಸಿದರು. ಸುರಂಗದುದ್ದಕ್ಕೂ ಅಲ್ಲಲ್ಲಿ ಬಾವಿಯಂತಹ ತೆರಪುಗಳನ್ನು ತೋಡಿದ್ದರು. ಯಂತ್ರದ ನೆರವಿಲ್ಲದೆ, ಇಳಿಜಾರೊಂದನ್ನೇ ನಂಬಿ ಆ ನೀರು ಹರಿಯಿತು. ಮೇಲೆ ಬಿಸಿಲಿನಲ್ಲಿ ನಡೆಯುವವನಿಗೆ ಅದರ ಸುಳಿವೂ ಸಿಕ್ಕುತ್ತಿರಲಿಲ್ಲ. ಕಣ್ಣೆದುರು ಹೊಳೆಯುವ ನೀರು ಒಂದು ಗುಟುಕಿಗೂ ಒದಗದು. ಕಣ್ಣಿಗೆ ಕಾಣದ ನೀರು ಒಂದು ರಾಜಧಾನಿಯ ಬಾಯಾರಿಕೆಗೆ ಒದಗಿತು. ನೆಲದ ಏರಿಳಿತವನ್ನು ಅಳೆದು ಅಗೆದವರಿಗೆ ಆ ನೀರು ದೊರೆಯಿತು. ಹೊಳೆಯುವ ನೀರು ಎಲ್ಲಿಂದ ಬಂದಿತೆಂಬುದೂ ತಿಳಿದುಬಂದುದು ಅಳತೆಯಿಂದಲೇ.