ನಿಮಗಿದು ಗೊತ್ತೆ? ಕಲೆಯ ಭೂಪಟ ತಿದ್ದಿದ ಒಕ್ವುಯಿ ಎನ್ವೆಜರ್

ಕ್ಯುರೇಟರ್ ಎಂದರೆ ಚಿತ್ರಗಳನ್ನು ಗೋಡೆಗೆ ಒಪ್ಪವಾಗಿ ತೂಗುಹಾಕಿಸುವವರಷ್ಟೇ ಅಲ್ಲ, ಯಾರ ಕಲೆಯನ್ನು ಜಗತ್ತು ನೋಡಬೇಕು ಎಂದು ತೀರ್ಮಾನಿಸುವವರೂ ಹೌದು. ನೈಜೀರಿಯಾದ ಕಲಬಾರ್‌ನಲ್ಲಿ 1963ರಲ್ಲಿ ಹುಟ್ಟಿದ ಒಕ್ವುಯಿ ಎನ್ವೆಜರ್ ಅವರ ಬದುಕೇ ಇದಕ್ಕೆ ಸಾಕ್ಷಿ. ಅಮೆರಿಕದಲ್ಲಿ ಓದಿದ್ದು ರಾಜ್ಯಶಾಸ್ತ್ರ. ಆದರೆ 1994ರಲ್ಲಿ ಆಫ್ರಿಕಾದ ಸಮಕಾಲೀನ ಕಲೆಗೆಂದೇ ‘ಎನ್‌ಕಾ’ ಪತ್ರಿಕೆ ಕಟ್ಟಿದರು. ಜರ್ಮನಿಯಲ್ಲಿ 2002ರಲ್ಲಿ ನಡೆದ ಪ್ರತಿಷ್ಠಿತ ‘ಡಾಕ್ಯುಮೆಂಟಾ’ ಪ್ರದರ್ಶನಕ್ಕೆ ಯುರೋಪಿನಾಚೆಯ ಮೊದಲ ನಿರ್ದೇಶಕರಾದಾಗ, ಅದರ ಚರ್ಚಾಗೋಷ್ಠಿಗಳನ್ನು ಲಾಗೋಸ್, ಸೇಂಟ್ ಲೂಸಿಯಾ, ನಮ್ಮ ನವದೆಹಲಿಗೂ ಒಯ್ದರು. ಕಲೆಯ ಕೇಂದ್ರ ಯುರೋಪ್ ಒಂದೇ ಅಲ್ಲ ಎಂಬುದನ್ನು ಬಾಯಿಮಾತಿನಲ್ಲಿ ಹೇಳದೆ ಮಾಡಿ ತೋರಿಸಿದ ಕ್ರಮವಿದು.

ಅವರ ಪ್ರದರ್ಶನಗಳಲ್ಲಿ ರಾಜಕೀಯ ಹೆಚ್ಚು, ಸೌಂದರ್ಯ ಕಡಿಮೆ ಎಂಬ ಆಕ್ಷೇಪ ಆಗಲೂ ಇತ್ತು. ವಸಾಹತುಶಾಹಿಯ ಗಾಯ ಹೊತ್ತ ನಾಡಿನ ಕಲೆಯಿಂದ ರಾಜಕೀಯವನ್ನು ಬೇರ್ಪಡಿಸುವುದಾದರೂ ಹೇಗೆ? ಸೌಂದರ್ಯದ ಮಾತಿಗೆ ಕಲಾವಿದ ಎಲ್ ಅನಾಟ್ಸುಯಿ ಅವರ ಕೃತಿಗಳೇ ಉತ್ತರ: ಮದ್ಯದ ಬಾಟಲಿಗಳ ಮುಚ್ಚಳಗಳನ್ನು ಚಪ್ಪಟೆ ಮಾಡಿ, ತಾಮ್ರದ ತಂತಿಯಿಂದ ಹೆಣೆದು, ಮಡಿಕೆಮಡಿಕೆಯಾಗಿ ಇಳಿಬಿಟ್ಟ ಹೊಳೆಯುವ ಲೋಹದ ವಸ್ತ್ರಗಳು. 2015ರಲ್ಲಿ ಎನ್ವೆಜರ್ ನಿರ್ದೇಶಿಸಿದ ವೆನಿಸ್ ಬಿನಾಲೆ ಕಲಾಪ್ರದರ್ಶನದಲ್ಲಿ ಅನಾಟ್ಸುಯಿ ಅವರಿಗೆ ಜೀವಮಾನ ಸಾಧನೆಯ ‘ಸ್ವರ್ಣ ಸಿಂಹ’ ಸಂದಿತು. ಮ್ಯೂನಿಕ್‌ನಲ್ಲಿ ಅದೇ ಕಲಾವಿದನ ಬೃಹತ್ ಪ್ರದರ್ಶನವನ್ನು ಎನ್ವೆಜರ್ ಸಹಕ್ಯುರೇಟರ್ ಆಗಿ ರೂಪಿಸಿದರು. ಅದು ತೆರೆದ 2019ರ ಮಾರ್ಚ್‌ನಲ್ಲೇ, ಅದೇ ನಗರದಲ್ಲಿ, ಅವರು ತೀರಿಕೊಂಡರು.